ನಿಯಮದ ಪ್ರಕಾರ ಅಪ್ಪ ನನ್ನ ಕುಟುಂಬದವರಲ್ಲ

ಪೆಟ್ರೋಲ್ ಬಂಕಿನ ಮಾಲೀಕನಾಗಲು ಬೇಕಾದ ಸಕಲ ಲಕ್ಷಣಗಳೂ ನನ್ನಲ್ಲಿದ್ದವು. ಒಂದು, ನನಗೆ ಪೆಟ್ರೋಲಿನ ವಾಸನೆ ಇಷ್ಟ. ಎರಡು, ಬೇರೆ ಕೆಲಸ ಇರಲಿಲ್ಲ.

ಕೆಲಸ ಇರಲಿಲ್ಲ ಎಂದರೆ ಕಲೆಗೆ ಅಪಚಾರವಾದೀತು. ನಾನು ಮಿಮಿಕ್ರಿ ಕಲಾವಿದ. ಮೈಸೂರಿನ ಕಲ್ಯಾಣ ಮಂಟಪಗಳಲ್ಲಿ ಆರತಕ್ಷತೆಯ ಹೊತ್ತಿಗೆ, ಜನರೆಲ್ಲ ಊಟದ ಹಾಲಿನ ಬಾಗಿಲಿಗೆ ಮುತ್ತಿಗೆ ಹಾಕಿರುವಾಗ, ವೇದಿಕೆಯ ಮೂಲೆಯಲ್ಲಿ ನಿಂತು ಸಿಟಿ ಬಸ್ಸಿನ ಕಂಡಕ್ಟರನಂತೆ, ಅರ್ಧ ಮಂತ್ರ ನುಂಗುವ ಪುರೋಹಿತರಂತೆ, ಮೂರನೇ ವಿಶಲ್‌ಗೆ ಪ್ರಾಣ ಬಿಡುವ ಕುಕ್ಕರಿನಂತೆ ಕೂಗುವವನು ನಾನೇ. ಹಿನಕಲ್‌ನಲ್ಲಿ ನನ್ನ ಬಾಯಿಗೆ ಸಿಗದ ಮನುಷ್ಯರಿಲ್ಲ. ಆದರೂ ಹೆಣ್ಣಿನ ಕಡೆಯವರು ಬಂದು "ಹುಡುಗ ಏನ್ ಮಾಡ್ತಾನೆ?" ಎಂದಾಗ ಅಮ್ಮ "ಮಿಮಿಕ್ರಿ ಮಾಡ್ತಾನೆ" ಎಂದರೆ, ಅವರು "ಅದಿರ್ಲಿ ಬುಡಿ, ಕೆಲ್ಸ ಏನ್ ಮಾಡ್ತಾನೆ?" ಎಂದು ಮತ್ತೆ ಮೊದಲಿನಿಂದ ಶುರು ಮಾಡುತ್ತಿದ್ದರು.

ಹೀಗಿರುವಾಗ ಪತ್ರಿಕೆಯಲ್ಲೊಂದು ಜಾಹೀರಾತು ಬಂತು. ತೈಲ ಕಂಪನಿಯೊಂದು ಹಿನಕಲ್‌ನಿಂದ ಹೆಬ್ಬಾಳದ ಕಡೆ ಹೋಗುವ ರಸ್ತೆಯಲ್ಲಿ ಬಂಕ್ ತೆರೆಯುತ್ತದಂತೆ. ಜಾಗ ಕಂಪನಿಯದೇ. ಅರ್ಜಿ ಹಾಕಬೇಕು, ಲಾಟರಿಯಲ್ಲಿ ಹೆಸರು ಬರಬೇಕು, ದಾಖಲೆಗಳ ಪರಿಶೀಲನೆ ಮುಗಿಯಬೇಕು. ಮುಗಿದರೆ ಡೀಲರ್‌ಶಿಪ್ ನಿಮ್ಮದು. ಮೂರು ಪಾಳಿಯ ಕಾರ್ಮಿಕರು ಹಗಲೂ ರಾತ್ರಿ ಬೈಕಿನಲ್ಲಿ ಓಡಾಡುವ ರಸ್ತೆ ಅದು. ಅಲ್ಲಿ ಬಂಕ್ ಹಾಕಿದವನು ಕೂತಲ್ಲೇ ಉದ್ಧಾರ!

ಒಂದೇ ಒಂದು ಸಣ್ಣ ಷರತ್ತಿತ್ತು. ಹಣಕಾಸಿನ ಅರ್ಹತೆ. ಅರ್ಜಿದಾರನ ಅಥವಾ ಅವನ 'ಕುಟುಂಬ'ದವರ ಹೆಸರಿನಲ್ಲಿ ಬ್ಯಾಂಕಿನಲ್ಲಿ ಇಷ್ಟು ಹಣ ಇರತಕ್ಕದ್ದು. ಆ ಅಂಕಿಯ ಸೊನ್ನೆಗಳನ್ನು ನೋಡಿ ಗಾಬರಿಯಾಗಿ, ಕನ್ನಡಕ ತೆಗೆದು ಒರೆಸಿಕೊಂಡು ಮತ್ತೆ ನೋಡೋಣ ಎಂದು ಮೂಗಿಗೆ ಕೈ ಹಾಕಿದೆ. ನನಗೆ ಕನ್ನಡಕವೇ ಇಲ್ಲ!

ಈ ನಿಯಮದ ಹಿಂದಿರುವ ಘನವಾದ ತತ್ವ ನನಗೆ ಆಗಲೇ ಹೊಳೆಯಬೇಕಿತ್ತು. ಪಂಕ್ತಿಯಲ್ಲಿ ಕೂತವರನ್ನು "ಮನೇಲಿ ಊಟ ಆಯ್ತಾ?" ಎಂದು ಕೇಳಿ, "ಆಯ್ತು" ಎಂದವರಿಗೆ ಮಾತ್ರ ಎಲೆ ಹಾಕುವ ತತ್ವ ಅದು.

ನನ್ನ ಸ್ವಂತ ಆಸ್ತಿ ಇಂತಿತ್ತು: ಸದಾ ರಿಸರ್ವಿನಲ್ಲಿ ಓಡುವ ಸ್ಕೂಟರ್ ಒಂದು, ಮೈಕು ಒಂದು, ಎಡಗಡೆ ಮಾತ್ರ ಕೂಗುವ ಸ್ಪೀಕರ್ ಜೋಡಿ ಒಂದು. ಆದರೆ ಅಪ್ಪನ ಹತ್ತಿರ ಠೇವಣಿ ಇತ್ತು. ಹೆಬ್ಬಾಳದ ಕಾರ್ಖಾನೆಯೊಂದರಲ್ಲಿ ಮೂವತ್ತು ಚಿಲ್ಲರೆ ವರ್ಷ ಲೇತ್ ಯಂತ್ರದ ಮುಂದೆ ನಿಂತು, ನಿವೃತ್ತಿಯಲ್ಲಿ ಬಂದ ಅಷ್ಟೂ ಹಣವನ್ನು ಅಪ್ಪ ಬ್ಯಾಂಕಿನಲ್ಲಿಟ್ಟಿದ್ದ. ಅದರ ಬಾಂಡನ್ನು ಒಂದು ಪ್ಲಾಸ್ಟಿಕ್ ಕವರಿನಲ್ಲಿ, ಆ ಕವರನ್ನು ಇನ್ನೊಂದು ಕವರಿನಲ್ಲಿ, ಅದನ್ನು ಬೀರುವಿನ ಪಂಚೆಗಳ ಕೆಳಗೆ ಇಟ್ಟಿದ್ದ. ಮೊತ್ತ ಕಂಪನಿ ಕೇಳಿದ ಅಂಕಿಯನ್ನು ಕೂದಲೆಳೆಯಷ್ಟು ದಾಟುತ್ತಿತ್ತು.

"ಅಪ್ಪಾ, ನಿನ್ ದುಡ್ಡು ಮುಟ್ಟಲ್ಲ. ಈಗ ಬರೀ ತೋರ್ಸೋದಷ್ಟೇ."

"ತೋರ್ಸಕ್ಕೆ ಅದೇನ್ ದಸರಾ ಗೊಂಬೆಯೇನ್ಲಾ?"

"ನಾನು ನಿನ್ನ ಕುಟುಂಬದವನು, ನಿನ್ ದುಡ್ಡು ನಾನು ಬಳಸ್ಕೋಬೌದು ಅಂತ ಒಂದ್ ಸೈನ್ ಹಾಕ್ಬುಡು."

"ನೀನು ನನ್ ಮಗ ಅಂತ ಏಳಕ್ಕೂ ಛಾಪಾ ಕಾಗ್ದ ಬೇಕಾ? ಅದು ಊರ್ಗೆಲ್ಲಾ ಗೊತ್ತು. ನನ್ ತಲೆನೋವೇ ಅದು!"

ಹಾಗೆಂದವನು ಸೈನ್ ಹಾಕಿದ. ಹಾಕಿದ ಮೇಲೆ ಪೆನ್ನನ್ನು ತನ್ನ ಕೈಯಲ್ಲೇ ಇಟ್ಟುಕೊಂಡ.

"ಬಂಕ್ ಬಂದ್ರೆ ನಿಜವಾಗ್ಲೂ ದುಡ್ ಆಕ್ಬೇಕಲ್ವಾ? ಆಕ್ತೀನಿ ಬುಡು. ಒಂದ್ ಕುರ್ಚಿ ಮಾತ್ರ ನಂಗೆ ಇಟ್ಬುಡು. ಪಾಳಿ ಬದ್ಲಾಗೋ ಒತ್ಗೆ ನಮ್ ಹುಡುಗ್ರೆಲ್ಲ ಅಲ್ಲೇ ಬತ್ತಾರೆ. ಕುಂತ್ಕಂಡು ಮಾತಾಡುಸ್ತೀನಿ."

ಅಪ್ಪನ 'ಹುಡುಗರಿಗೆ' ಎಲ್ಲರಿಗೂ ಐವತ್ತು ದಾಟಿದೆ. ಆದರೂ ಒಂದು ಕುರ್ಚಿ ತಾನೆ! ಸಿಂಹಾಸನವನ್ನೇ ಹಾಕಿಸುವುದಾಗಿ ನಾನು ಮಾತು ಕೊಟ್ಟೆ. ಕೈಯಲ್ಲಿ ಇಲ್ಲದ್ದನ್ನು ಕೊಡುವುದರಲ್ಲಿ ನಾನು ಎಂದೂ ಜಿಪುಣನಲ್ಲ.

ಲಾಟರಿ ಎತ್ತಿದರು. ನನ್ನ ಹೆಸರು ಬಂತು!

ಅಂದಿನಿಂದ ಹಿನಕಲ್‌ನಲ್ಲಿ ನನ್ನ ಸ್ಥಾನಮಾನ ಬದಲಾಯಿತು. ನಿನ್ನೆಯವರೆಗೆ "ಲೋ ಕುಕ್ಕರ್" ಎನ್ನುತ್ತಿದ್ದವರು "ಮಧು ಅವ್ರೇ" ಎನ್ನತೊಡಗಿದರು. ಪಕ್ಕದ ಮನೆಯ ಚಿಕ್ಕಮ್ಮ "ನಮ್ ಗಾಡಿಗೆ ತಿಂಗ್ಳಿಗೆ ಎಲ್ಡ್ ಲೀಟ್ರು ಹಂಗೇ ಹಾಕ್ಬುಡು ಕಣಪ್ಪ, ಎತ್ತಾಡ್ಸಿದ ಕೈ ಇದು" ಎಂದು ಆ ಕೈಯನ್ನೂ ತೋರಿಸಿದರು. ಅವರ ಮನೆಯಲ್ಲಿ ಗಾಡಿ ಇರಲಿಲ್ಲ. ಬಂಕ್ ಬಂದ ಮೇಲೆ ತಗೊಳ್ಳುತ್ತಾರಂತೆ!

ಎಲ್ಲಕ್ಕಿಂತ ದೊಡ್ಡ ಬದಲಾವಣೆ ಪವಿತ್ರಳ ಮನೆಯಲ್ಲಾಯಿತು. ಪವಿತ್ರ ಯಾದವಗಿರಿಯ ಒಂದು ಕಣ್ಣಿನ ಆಸ್ಪತ್ರೆಯಲ್ಲಿ ರೋಗಿಗಳ ಚೀಟಿ ಬರೆಯುತ್ತಿದ್ದಳು. ಮೂರು ವರ್ಷದಿಂದ ನಾವಿಬ್ಬರೂ ಪ್ರೀತಿಸುತ್ತಿದ್ದೆವು, ಮೂರು ವರ್ಷದಿಂದ ಅವಳ ತಂದೆ ಬೇಡ ಎನ್ನುತ್ತಿದ್ದರು. ಅವರು ಸರ್ಕಾರಿ ಕಚೇರಿಯೊಂದರಲ್ಲಿ ಹೆಡ್ ಕ್ಲರ್ಕ್ ಆಗಿ ನಿವೃತ್ತರಾದವರು. ಪಂಚಾಂಗ ಮತ್ತು ಕಡತ, ಈ ಎರಡರಲ್ಲಿ ಇಲ್ಲದ ವಸ್ತು ಜಗತ್ತಿನಲ್ಲೇ ಇಲ್ಲ ಎಂದು ನಂಬಿದವರು. ನಾನು ಎರಡರಲ್ಲೂ ಇರಲಿಲ್ಲ.

ಲಾಟರಿಯ ಮಾರನೇ ದಿನ ಪವಿತ್ರ ಫೋನ್ ಮಾಡಿದಳು. "ನಮ್ಮಪ್ಪ ಹೂಂ ಅಂದ್ರು ಕಣೋ."

"ನಿಜವಾಗ್ಲೂ? ನನ್ನ ಒಪ್ಕೊಂಡ್ಬುಟ್ರಾ?"

"ನಿನ್ನಲ್ಲ. ಬಂಕನ್ನ."

ವಾರದೊಳಗೆ ಮಾವ ಪಂಚಾಂಗ ಸಮೇತ ನಮ್ಮ ಮನೆಗೆ ದಯಮಾಡಿಸಿದರು. ಕಾಫಿ ಲೋಟ ಕೆಳಗಿಡುವ ಮೊದಲೇ ಮೂಲಭೂತ ಪ್ರಶ್ನೆಯೊಂದನ್ನು ಎತ್ತಿದರು.

"ಬಂಕಿನ ಭೂಮಿಪೂಜೆಗೆ ಯಾರು ಕೂರ್ತೀರಿ?"

"ನಾನೇ ಕೂತ್ಕೋತೀನಿ."

"ಒಂಟಿ ಗಂಡಸು ಕೂತು ಸಂಕಲ್ಪ ಮಾಡಿ ನೆಲ ಅಗೆದ್ರೆ ಬಂಕ್ ಏಳಲ್ಲ ಕಣ್ರೀ, ಬಾವಿ ಆಗುತ್ತೆ! ದಂಪತಿ ಕೂರ್ಬೇಕು."

"ಅಪ್ಪ ಅಮ್ಮ ಕೂರ್ತಾರೆ ಬಿಡಿ."

"ಡೀಲರ್‌ಶಿಪ್ ಯಾರ ಹೆಸ್ರಲ್ಲಿ? ನಿಮ್ಮ ಹೆಸ್ರಲ್ಲಿ. ಹಾಗಾದ್ರೆ ಸಂಕಲ್ಪ ಯಾರ ಹೆಸ್ರಲ್ಲಿ? ನಿಮ್ಮ ಹೆಸ್ರಲ್ಲಿ. ಪಕ್ಕದಲ್ಲಿ ಕೂರೋದು ಯಾರು? ಧರ್ಮಪತ್ನಿ. ಮುಂದೆ ಆಷಾಢ ಬರ್ತಾ ಇದೆ. ಅಷ್ಟರೊಳಗೆ ಮದುವೆ ಮುಗಿಸ್ಬಿಟ್ರೆ ಕಂಪನಿಯವರು ಹೂಂ ಅಂದ ದಿನವೇ ಗುದ್ದಲಿ ಹಾಕ್ಬಹುದು."

ಅಪ್ಪ ಮಾತ್ರ "ಪರಿಶೀಲ್ನೆ ಮುಗೀಲಿ, ಆಮ್ಯಾಕೆ ಮಾಡನ. ಯಾಕ್ ಆತುರ?" ಎಂದ. ಲೇತ್ ಯಂತ್ರದ ಮುಂದೆ ನಿಂತವನು, ಅಳತೆ ನೋಡದೆ ಕತ್ತರಿಸುವವನಲ್ಲ. ನಾನು ಅಪ್ಪನ ಕಡೆ ತಿರುಗಿಯೂ ನೋಡಲಿಲ್ಲ. ಮೂರು ವರ್ಷ ಬೇಡ ಎಂದ ಬಾಯಿ ಇವತ್ತು ಬೇಗ ಬೇಗ ಎನ್ನುತ್ತಿದೆ. ಇಂಥ ಹೊತ್ತಿನಲ್ಲಿ ನಿಯಮ ಓದುತ್ತಾ ಕೂರುವವನು ಮೂರ್ಖ!

ಲಗ್ನಪತ್ರಿಕೆ ಅಚ್ಚಾಯಿತು. ನನ್ನ ಹೆಸರಿನ ಕೆಳಗೆ ಮಾವ ತಾವೇ ನಿಂತು 'ಪೆಟ್ರೋಲ್ ಬಂಕ್ ಮಾಲೀಕರು' ಎಂದು ಹಾಕಿಸಿದರು. ಅಕ್ಷರ ನನ್ನ ಹೆಸರಿಗಿಂತ ದಪ್ಪ ಇತ್ತು.

ನಾನು ಇನ್ನೂ ಒಂದು ಹೆಜ್ಜೆ ಮುಂದೆ ಹೋದೆ. ನಾಲ್ಕು ಮೂಲೆಗೂ ಅರಿಸಿನ ಕುಂಕುಮ ಹಚ್ಚಿದ ಒಂದು ಪತ್ರಿಕೆ, ತೆಂಗಿನಕಾಯಿ, ವೀಳ್ಯದೆಲೆ ಹಿಡಿದುಕೊಂಡು ಕಂಪನಿಯ ಕಚೇರಿಗೇ ಹೋದೆ. ನನ್ನ ಕಡತ ನೋಡುವ ಅಧಿಕಾರಿ ಬಹಳ ಮೆದು ಮಾತಿನ ಮನುಷ್ಯ. ಪ್ರತಿ ಮಾತಿಗೂ ಮುಂಚೆ "ಕ್ಷಮಿಸಿ" ಎನ್ನುವವರು.

"ತಪ್ಪದೇ ಬರ್ಬೇಕು ಸರ್. ಕುಟುಂಬ ಸಮೇತ."

ಅವರು ಪತ್ರಿಕೆಯನ್ನು ಬಹಳ ಹೊತ್ತು ನೋಡಿದರು. "ಕ್ಷಮಿಸಿ, ಇದು ನಿಮ್ಮದೇ ಮದುವೇನಾ?"

"ಹೌದು ಸಾರ್!"

ಏನೋ ಹೇಳಲು ಬಾಯಿ ತೆರೆದರು, ಮುಚ್ಚಿದರು. "ಒಳ್ಳೇದಾಗಲಿ" ಎಂದರು. ಆಮೇಲೆ ಪತ್ರಿಕೆಯ ಮೇಲೆ, ಗಣಪತಿಯ ಸೊಂಡಿಲಿಗೆ ತಾಗದಂತೆ, 'ಸ್ವೀಕರಿಸಲಾಗಿದೆ' ಎಂದು ಮೊಹರು ಒತ್ತಿ ನನ್ನ ಕಡತದೊಳಗೆ ಇಟ್ಟುಕೊಂಡರು.

ಎಂಥ ಗೌರವ! ಎಂದುಕೊಂಡು ನಾನು ಮೆಟ್ಟಿಲಿಳಿದು ಬಂದೆ.

ಮದುವೆಯಾಯಿತು. ಆಷಾಢ ಬಂತು. ಪದ್ಧತಿಯಂತೆ ಪವಿತ್ರಳನ್ನು ತವರಿಗೆ ಕಳಿಸಿ ನಾನು ಮತ್ತೆ ಬ್ರಹ್ಮಚಾರಿಯಾದೆ. ನಿಯಮದ ದೃಷ್ಟಿಯಿಂದ ನನ್ನ ಬದುಕಿನ ಅತ್ಯಂತ ಸುರಕ್ಷಿತ ತಿಂಗಳು ಅದೇ ಇರಬೇಕು, ಆದರೆ ಅದನ್ನು ಯಾರೂ ದಾಖಲಿಸಲಿಲ್ಲ. ಶ್ರಾವಣದಲ್ಲಿ ಅವಳು ಬಂದಳು. ಅವಳ ಹಿಂದೆಯೇ ಪರಿಶೀಲನೆಗೆ ಅಧಿಕಾರಿಯೂ ಬಂದರು.

ಅಮ್ಮ ಹೋಳಿಗೆ ಮಾಡಿದ್ದಳು. ಅಧಿಕಾರಿ ಎರಡು ಹೋಳಿಗೆ ತಿಂದರು. ತುಪ್ಪ ಬೇಡ ಬೇಡ ಎನ್ನುತ್ತಲೇ ಹಾಕಿಸಿಕೊಂಡರು. ಕೈ ತೊಳೆದು ಕಡತ ಬಿಚ್ಚಿದರು. ಮೇಲುಗಡೆಯೇ ನನ್ನ ಲಗ್ನಪತ್ರಿಕೆ ಇತ್ತು.

"ಕ್ಷಮಿಸಿ, ನಿಮಗೆ ಮದುವೆ ಆಗಿದೆ ಅಲ್ವಾ?"

"ಆಗಿದೆ ಸಾರ್! ನೀವು ಬರ್ಲೇ ಇಲ್ಲ."

"ಕ್ಷಮಿಸಿ. ನಿಯಮದ ಪ್ರಕಾರ ಮದುವೆಯಾಗದ ಅರ್ಜಿದಾರರಿಗೆ ತಂದೆ ತಾಯಿ ಕುಟುಂಬ. ಮದುವೆಯಾದವರಿಗೆ ಹೆಂಡತಿ, ಮಕ್ಕಳು ಮಾತ್ರ ಕುಟುಂಬ. ನೀವು ತೋರಿಸಿರೋ ಹಣ ನಿಮ್ಮ ತಂದೆಯವರದು. ಅವರು ಈಗ ನಿಮ್ಮ ಕುಟುಂಬದಲ್ಲಿ ಬರಲ್ಲ."

ನಾನು ಆ ನಿಯಮದ ಮೊದಲ ವಾಕ್ಯ ಓದಿದ್ದೆ. ಎರಡನೆಯದು ಮುಂದಿನ ಪುಟದಲ್ಲಿತ್ತಂತೆ. ನಾನು ಪುಟ ತಿರುಗಿಸಿರಲಿಲ್ಲ.

ಅಪ್ಪ ಗೋಡೆಗೆ ಒರಗಿ ನಿಂತಿದ್ದವನು ಮುಂದೆ ಬಂದ. "ಅಂಗಂದ್ರೆ ನಾನ್ ಯಾರು ಸ್ವಾಮಿ?"

"ಕ್ಷಮಿಸಿ ಯಜಮಾನ್ರೇ. ನೀವು ಮೂರನೇ ವ್ಯಕ್ತಿ."

"ಇದು ನನ್ ಮನೆ. ನೀವು ತಿಂದಿದ್ದು ನನ್ ಮನೆ ಓಳ್ಗೆ."

"ಹೋಳಿಗೆ ಚೆನ್ನಾಗಿತ್ತು" ಎಂದರು ಅಧಿಕಾರಿ. ಪಾಪ, ಮನಸಾರೆ ಹೇಳಿದರು. ಅವರ ಮೇಲೆ ನನಗೆ ಸಿಟ್ಟಿಲ್ಲ. ಬೇಟೆನಾಯಿಗೂ ಬೋನಿಗೂ ವ್ಯತ್ಯಾಸ ಇದೆ. ನಾಯಿ ಓಡಿಸಿಕೊಂಡು ಬಂದು ಹಿಡಿಯುತ್ತದೆ. ಬೋನು ಸುಮ್ಮನೆ ಬಾಯಿ ತೆರೆದುಕೊಂಡು ಕೂತಿರುತ್ತದೆ, ಕೊಬ್ಬರಿ ಕಂಡು ಒಳಗೆ ಹೋದವನು ನಾನು. ಅದೂ ವೀಳ್ಯದೆಲೆ ಹಿಡಿದುಕೊಂಡು!

ಹತ್ತು ದಿನದಲ್ಲಿ ಸಮಜಾಯಿಷಿ ಕೊಡಿ ಎಂದು ಪತ್ರ ಬಂತು. ಬುದ್ಧಿ ಇದ್ದವನು ಆಗ ಒಬ್ಬ ವಕೀಲರನ್ನು ಹುಡುಕುತ್ತಾನೆ. ನಾನು ಮಾವನನ್ನು ಹುಡುಕಿದೆ.

ಮಾವ ಪತ್ರವನ್ನು ಎರಡು ಸಲ ಓದಿದರು. ನಿವೃತ್ತಿಯಾದ ಮೇಲೆ ಮೊದಲ ಬಾರಿಗೆ ಕೈಗೊಂದು ಕಡತ ಸಿಕ್ಕ ಸಂತೋಷಕ್ಕೆ ಅವರ ಮುಖ ಕೆಂಪಾಗಿತ್ತು.

"ಬಹಳ ಸುಲಭ. ಹೆಂಡತಿ ಮಾತ್ರ ಕುಟುಂಬ ಅಂತಾರಾ? ಆಗ್ಲಿ! ನನ್ನ ನಿವೃತ್ತಿ ಹಣ, ಸೈಟ್ ಮಾರಿದ ಹಣ ಎಲ್ಲ ಪವಿತ್ರನ ಖಾತೆಗೆ ಹಾಕ್ತೀನಿ. ಜೊತೆಗೆ ಒಂದು ಅಫಿಡವಿಟ್ ಕೊಡೋಣ. ನೀವು ತಂದೆಯಿಂದ ಬೇರೆ ಇದ್ದೀರಿ, ಅವರಿಗೂ ನಿಮಗೂ ಹಣಕಾಸಿನ ಸಂಬಂಧ ಇಲ್ಲ ಅಂತ."

"ಆದ್ರೆ ನಾವು ಒಂದೇ ಮನೇಲಿದೀವಿ ಮಾವ."

"ಮಹಡಿ ಮೇಲೆ ರೂಮಿಲ್ವಾ? ಒಂದು ಕರೆಂಟ್ ಒಲೆ ಇಟ್ಕೊಳ್ಳಿ. ಒಲೆ ಬೇರೆ ಆದ್ರೆ ಮನೆ ಬೇರೆ."

ಪವಿತ್ರ ಅಡ್ಡ ಬಂದಳು. "ಅಪ್ಪಾ, ಇದು ಸರಿ ಇಲ್ಲ. ಇವ್ರಪ್ಪಂಗೆ ಗೊತ್ತಾದ್ರೆ ಏನಂದ್ಕೊಳಲ್ಲ?"

"ಕಾಗದ ಬೇರೆ, ಮನೆ ಬೇರೆ ಕಣಮ್ಮ. ಕಾಗದದಲ್ಲಿ ಬರೆದದ್ದು ಕಡತದಲ್ಲಿರುತ್ತೆ. ಕಡತ ಯಾರು ಓದ್ತಾರೆ?"

ಹೆಡ್ ಕ್ಲರ್ಕ್ ಒಬ್ಬರ ಬಾಯಲ್ಲಿ ಬಂದ ಈ ಮಾತನ್ನು ನಾನು ನಂಬಿದೆ. ಜೀವಮಾನವಿಡೀ ಕಡತಗಳ ಜೊತೆ ಬದುಕಿದವರೇ ಹೇಳುತ್ತಿದ್ದಾರೆ, ಯಾರೂ ಓದುವುದಿಲ್ಲ ಎಂದು! ಅಫಿಡವಿಟ್ಟಿನ ಭಾಷೆಯೂ ಅವರದೇ. 'ನಾನು ತಂದೆಯಿಂದ ಬೇರೆ ವಾಸವಾಗಿದ್ದೇನೆ' ಎಂದು ನಾನು ಬರೆದಿದ್ದನ್ನು ಹೊಡೆದು 'ನಾನು ಮದುವೆಗೆ ಬಹಳ ಮೊದಲಿನಿಂದಲೂ ತಂದೆಯಿಂದ ಬೇರೆ ವಾಸವಾಗಿದ್ದೇನೆ' ಎಂದು ತಿದ್ದಿದರು.

"ಅದ್ಯಾಕೆ ಮಾವ?"

"ನಾಲ್ಕು ಪದ ಹೆಚ್ಚು ಹಾಕಿದ್ರೆ ಕಡತ ಗಟ್ಟಿ."

ಅಫಿಡವಿಟ್ ತಗೊಂಡು ನೋಟರಿಯ ಹತ್ತಿರ ಹೋದೆ. ಸಾಮಾನ್ಯವಾಗಿ ನೋಟರಿಗಳು ಕಾಗದ ಓದುವುದಿಲ್ಲ. ನನ್ನ ಹಣೆಬರಹಕ್ಕೆ ಸಿಕ್ಕವರು ಓದಿದರು.

"ತಂದೆಗೂ ನಿಮಗೂ ಸಂಬಂಧ ಇಲ್ಲ ಅಂತ ಬರ್ದಿದೀರಿ. ನಾಳೆ ಅವ್ರು ಬಂದು ನನ್ ಮೇಲೆ ಗಲಾಟೆ ಮಾಡ್ಬಾರ್ದು. ಅವ್ರ ನಂಬರ್ ಕೊಡಿ, ಒಂದ್ ಮಾತು ಕೇಳ್ಬಿಡ್ತೀನಿ."

ಆ ಕ್ಷಣ ನನ್ನ ಮುಂದೆ ಎರಡು ದಾರಿಗಳಿದ್ದವು. ಒಂದು, ಕಾಗದ ಹರಿದು ಮನೆಗೆ ಹೋಗುವುದು. ಎರಡನೆಯದು ಕಲೆಯ ದಾರಿ. ನನ್ನ ಮೊಬೈಲಿನ ಎರಡನೇ ಸಿಮ್ಮಿನ ನಂಬರ್ ಕೊಟ್ಟು, "ನೀರು ಕುಡ್ಕೊಂಡ್ ಬರ್ತೀನಿ ಸಾರ್" ಎಂದು ಹೊರಗೆ ಬಂದು ಹೊಂಗೆ ಮರದ ಕೆಳಗೆ ನಿಂತೆ. ಫೋನ್ ಹೊಡೆದುಕೊಂಡಿತು.

"ಯಾರು?" ಎಂದೆ. ಅಪ್ಪನ ದನಿ. ಆ ಒರಟು, ಯಂತ್ರದ ಸದ್ದಿನ ಮೇಲೆ ಮಾತಾಡಿ ಮಾತಾಡಿ ಗಟ್ಟಿಯಾದ ಗಂಟಲು, ಕೊನೆಗೊಂದು ಕೆಮ್ಮು.

"ನಿಮ್ ಮಗ ನಿಮ್ಮಿಂದ ಬೇರೆ ಇದ್ದಾನಾ ಯಜಮಾನ್ರೇ?"

"ಬ್ಯಾರೆ ಅವ್ನೆ ಸ್ವಾಮಿ. ಸ್ಯಾನೆ ದಿನ ಆಯ್ತು."

"ಹಣಕಾಸಿನ ಸಂಬಂಧ ಏನೂ ಇಲ್ವಾ?"

"ಯಾವ್ ಸಂಬಂಧವೂ ಇಲ್ಲ ಬುಡಿ."

ಫೋನ್ ಇಟ್ಟೆ. ಅಷ್ಟು ಕರಾರುವಾಕ್ಕಾಗಿ ನಾನು ಯಾರನ್ನೂ ಅನುಕರಿಸಿರಲಿಲ್ಲ. ಚಪ್ಪಾಳೆ ತಟ್ಟಲು ಹೊಂಗೆ ಮರ ಬಿಟ್ಟು ಯಾರೂ ಇರಲಿಲ್ಲ. ಒಳಗೆ ಹೋದರೆ ನೋಟರಿ ಕಾಗದದ ಕೊನೆಯಲ್ಲಿ ತಮ್ಮ ಕೈಯಾರೆ 'ತಂದೆಯವರೂ ದೂರವಾಣಿಯಲ್ಲಿ ಖಚಿತಪಡಿಸಿರುತ್ತಾರೆ' ಎಂದು ಬರೆದು ಮೊಹರು ಹಾಕಿದ್ದರು. ಕಡತ ಇನ್ನೂ ಗಟ್ಟಿಯಾಯಿತು!

ಅಫಿಡವಿಟ್ಟನ್ನೂ ಪವಿತ್ರಳ ಖಾತೆಯ ಲೆಕ್ಕವನ್ನೂ ಕಂಪನಿಗೆ ಕೊಟ್ಟೆ. ಉತ್ತರ ಬಂತು. ಬಹಳ ಚಿಕ್ಕದಾಗಿತ್ತು. ಹಣ ಅರ್ಜಿ ಹಾಕಿದ ದಿನ ಕುಟುಂಬದ ಖಾತೆಯಲ್ಲಿ ಇರಬೇಕಿತ್ತು. ಅರ್ಜಿ ಹಾಕಿದ ದಿನ ಪವಿತ್ರ ನನ್ನ ಕುಟುಂಬದವಳಲ್ಲ. ಆದ್ದರಿಂದ ಅರ್ಜಿ ತಿರಸ್ಕೃತ.

ಗಮನಿಸಬೇಕು. ಅರ್ಜಿ ಹಾಕಿದ ದಿನ ಹೆಂಡತಿ ಇಲ್ಲ. ಪರಿಶೀಲನೆಯ ದಿನ ಅಪ್ಪ ಇಲ್ಲ. ಒಂದೇ ಕಡತದಲ್ಲಿ ಏಕಕಾಲಕ್ಕೆ ಅನಾಥನೂ ಬ್ರಹ್ಮಚಾರಿಯೂ ಆದ ಭೂಮಂಡಲದ ಏಕೈಕ ಸಂಸಾರಸ್ಥ ನಾನು.

ಈಗ ವಕೀಲರ ಹತ್ತಿರ ಹೋದೆವು. ಯಾದವಗಿರಿಯಲ್ಲಿ ಹಳೆಯ ಬಂಗಲೆ, ಮುಂದೆ ಮಾವಿನ ಮರ, ಒಳಗೆ ವಕೀಲರು. ಅಪ್ಪನೂ ಬಂದಿದ್ದ. ವಕೀಲರು ಕಡತ ತಿರುವಿ ಉತ್ಸಾಹಗೊಂಡರು.

"ಒಳ್ಳೇ ಪಾಯಿಂಟ್ ಇದೆ ಕಣ್ರೀ. ಹಣ ಲೆಕ್ಕಕ್ಕೆ ತಗೊಳೋದು ಅರ್ಜಿ ದಿನ ಅಂದ್ರೆ, ಕುಟುಂಬನೂ ಅದೇ ದಿನದ್ದು ತಗೋಬೇಕು. ಅವತ್ತು ನಿಮಗೆ ಮದುವೆ ಆಗಿರ್ಲಿಲ್ಲ. ತಂದೆಯೇ ಕುಟುಂಬ. ಹೈಕೋರ್ಟಿಗೆ ರಿಟ್ ಹಾಕೋಣ."

"ಅಂಗಾರೆ ನಾನು ಕುಟುಂಬವೇ ಅಲ್ವಾ ಸ್ವಾಮಿ?" ಎಂದು ಅಪ್ಪ ಕೇಳಿದ.

"ಖಂಡಿತಾ ನೀವೇ ಕುಟುಂಬ!"

ಅಪ್ಪ ಎಷ್ಟೋ ದಿನಗಳ ಮೇಲೆ ನಕ್ಕ. ಮನೆಗೆ ಬಂದು ಅಮ್ಮನಿಗೂ ಹೇಳಿದ, "ಲಾಯರೇ ಏಳವ್ರೆ, ನಾನೇ ಕುಟುಂಬ ಅಂತೆ."

ವಕೀಲರು ಒಂದು ಪ್ರಶ್ನೆ ಕೇಳಿದ್ದರು. "ಕಂಪನಿಗೆ ಬೇರೆ ಏನಾದ್ರೂ ಬರ್ದು ಕೊಟ್ಟಿದೀರಾ?" ಅಪ್ಪ ಪಕ್ಕದಲ್ಲೇ ಕೂತಿದ್ದ. "ವಿಶೇಷ ಏನಿಲ್ಲ ಸಾರ್" ಎಂದುಬಿಟ್ಟೆ.

ಕೇಸು ಎರಡು ವರ್ಷ ನಡೆಯಿತು. ನಡೆಯಿತು ಎಂದರೆ ತಪ್ಪಾದೀತು, ಅದು ಕೂತಿತ್ತು. ಒಂದು ಸಲ ಕಂಪನಿಯ ವಕೀಲರು ಬರಲಿಲ್ಲ, ಒಂದು ಸಲ ನಮ್ಮವರು, ಒಂದು ಸಲ ಇಬ್ಬರೂ ಬಂದರು, ಸಮಯ ಬರಲಿಲ್ಲ. ಆ ಜಾಗವನ್ನು ಯಾರಿಗೂ ಕೊಡಬಾರದು ಎಂದು ತಡೆ ಇದ್ದದ್ದರಿಂದ ಅಲ್ಲಿ ಪಾರ್ಥೇನಿಯಂ ಎದೆಯೆತ್ತರ ಬೆಳೆಯಿತು. ಅಪ್ಪ ದಿನವೂ ಬೆಳಿಗ್ಗೆ ವಾಕಿಂಗ್ ನೆಪದಲ್ಲಿ ಅಲ್ಲಿಗೆ ಹೋಗಿ, ಕುರ್ಚಿ ಎಲ್ಲಿ ಹಾಕಿದರೆ ಬಿಸಿಲು ಬೀಳುವುದಿಲ್ಲ ಎಂದು ನೋಡಿಕೊಂಡು ಬರುತ್ತಿದ್ದ. ಮಾವ ತಮ್ಮ ಹಣವನ್ನು ಮಗಳ ಖಾತೆಯಿಂದ ವಾಪಸ್ ತೆಗೆದುಕೊಂಡರು. ಈ ನಡುವೆ 'ಪೆಟ್ರೋಲ್ ಬಂಕ್ ಮಾಲೀಕರು' ಮತ್ತೆ ಮಂಟಪಗಳಲ್ಲಿ ಕುಕ್ಕರ್ ಕೂಗುತ್ತಿದ್ದರು.

ಕೊನೆಯ ವಿಚಾರಣೆಯ ದಿನ ವಕೀಲರು "ನಿಮ್ಮ ತಂದೇನೂ ಕರ್ಕೊಂಡ್ ಬನ್ನಿ, ಹಿಂದೆ ಕೂತಿರ್ಲಿ" ಎಂದಿದ್ದರು. ಅಪ್ಪ ಇಸ್ತ್ರಿ ಹಾಕಿದ ಬಿಳಿ ಶರ್ಟು ತೊಟ್ಟು, ನ್ಯಾಯಮೂರ್ತಿಗಳು ಕೇಳಿದರೆ ಇರಲಿ ಎಂದು ಠೇವಣಿ ಬಾಂಡನ್ನು ಎರಡೂ ಕವರುಗಳ ಸಮೇತ ತಂದಿದ್ದ. ಬೆಂಗಳೂರಿನ ಆ ಕೆಂಪು ಕಟ್ಟಡದೊಳಗೆ ಚಪ್ಪಲಿ ಬಿಡಬೇಕೇನೋ ಎಂದು ಬಾಗಿಲಲ್ಲಿ ಒಂದು ಕ್ಷಣ ನಿಂತ.

ನಮ್ಮ ವಕೀಲರು ಅಮೋಘವಾಗಿ ವಾದಿಸಿದರು. ನ್ಯಾಯಮೂರ್ತಿಗಳು ತಲೆದೂಗಿದರು. ಕಂಪನಿಯ ವಕೀಲರನ್ನು ಕನ್ನಡದಲ್ಲೇ ಕೇಳಿದರು: "ಅಲ್ಲ, ಹಣಕ್ಕೆ ಒಂದು ದಿನ, ಅಪ್ಪನಿಗೆ ಇನ್ನೊಂದು ದಿನ ಅಂದ್ರೆ ಹೇಗೆ? ಮದುವೆ ಆದ ಮಾತ್ರಕ್ಕೆ ಅಪ್ಪ ಬದಲಾಗ್ತಾರಾ?"

ಅಪ್ಪ ನನ್ನ ಮೊಣಕೈ ತಿವಿದ. "ಎಂಥ ದೊಡ್ ಮನ್ಸ ನೋಡ್ಲಾ!" ನಾನು ಆಗಲೇ ಮನಸ್ಸಿನಲ್ಲಿ ಬಂಕಿಗೆ ಬಣ್ಣ ಹೊಡೆಸುತ್ತಿದ್ದೆ.

ಕಂಪನಿಯ ವಕೀಲರು ನಿಧಾನವಾಗಿ ಎದ್ದು ಒಂದು ಹಾಳೆ ಮೇಲೆತ್ತಿದರು. "ಅರ್ಜಿದಾರರೇ ಪ್ರಮಾಣ ಮಾಡಿ ಕೊಟ್ಟಿದ್ದಾರೆ ಸ್ವಾಮಿ. ಮದುವೆಗೆ ಬಹಳ ಮೊದಲಿನಿಂದಲೂ ತಂದೆಯಿಂದ ಬೇರೆ, ಯಾವುದೇ ಹಣಕಾಸಿನ ಸಂಬಂಧ ಇಲ್ಲ ಅಂತ. ತಂದೆಯವರೂ ದೂರವಾಣಿಯಲ್ಲಿ ಖಚಿತಪಡಿಸಿದ್ದಾರೆ."

ಮಾವ ಹೇಳಿದ್ದು ಸುಳ್ಳಾಗಿತ್ತು. ಕಡತವನ್ನು ಜನ ಓದುತ್ತಾರೆ. ಗಟ್ಟಿಯಾಗಿ ಓದುತ್ತಾರೆ. ಅಪ್ಪನ ಮುಂದೆಯೇ ಓದುತ್ತಾರೆ.

ನ್ಯಾಯಮೂರ್ತಿಗಳು ಹಾಳೆ ತರಿಸಿಕೊಂಡು ನೋಡಿದರು. ನಮ್ಮ ವಕೀಲರು ನನ್ನನ್ನು ನೋಡಿದರು. ನಾನು ಫ್ಯಾನ್ ನೋಡಿದೆ.

"ಒಂದು ಕಾಗದದಲ್ಲಿ ತಂದೆ ನನ್ನ ಕುಟುಂಬ. ಇನ್ನೊಂದರಲ್ಲಿ ನನಗೂ ಅವರಿಗೂ ಸಂಬಂಧ ಇಲ್ಲ. ಯಾವುದು ನಿಜ? ನಿಯಮ ಸರಿಯೋ ತಪ್ಪೋ ಆಮೇಲೆ ನೋಡೋಣ. ತನ್ನ ಅಪ್ಪ ಯಾರು ಅನ್ನೋದನ್ನ ಅನುಕೂಲ ನೋಡ್ಕೊಂಡು ಬರೆಯೋರಿಗೆ ಈ ನ್ಯಾಯಾಲಯ ನೆರವಾಗಲ್ಲ. ವಜಾ."

ಎರಡು ವರ್ಷದ ಕೇಸು ಎರಡು ನಿಮಿಷದಲ್ಲಿ ಮುಗಿಯಿತು. ಬಂಕು ಪಟ್ಟಿಯಲ್ಲಿ ಎರಡನೆಯವರಿಗೆ ಹೋಯಿತು. ನಿಯಮ ಅಲುಗಾಡದೆ ಹಾಗೆಯೇ ಉಳಿಯಿತು. ಅದನ್ನು ಅಲುಗಾಡಿಸಲು ಹೋದವನ ಹಲ್ಲು ಮಾತ್ರ ಉದುರಿತು.

ಮಧ್ಯಾಹ್ನದ ಮೈಸೂರು ರೈಲು. ಅಪ್ಪ ಕಿಟಕಿ ಪಕ್ಕ ಕೂತು, ತೊಡೆಯ ಮೇಲೆ ಪ್ಲಾಸ್ಟಿಕ್ ಕವರ್ ಇಟ್ಟುಕೊಂಡಿದ್ದ. ಎದುರು ಸೀಟಿನಲ್ಲಿ ಮೂವರು ಕಡಲೆಕಾಯಿ ಬಿಡಿಸುತ್ತಿದ್ದರು. ರಾಮನಗರ ದಾಟಿದ ಮೇಲೆ ಅಪ್ಪ ನನ್ನ ಕಡೆ ತಿರುಗಿದ.

"ಪೋನ್ನಲ್ಲಿ ನಾನ್ ಯಾವಾಗ್ಲಾ ಏಳ್ದೆ?"

ಹೇಳಿದೆ. ಹೊಂಗೆ ಮರ, ಎರಡನೇ ಸಿಮ್ಮು, ಎಲ್ಲ ಹೇಳಿದೆ. ಬೈಯುತ್ತಾನೆ ಎಂದುಕೊಂಡೆ. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು.

"ಏನಂದೆ ನಾನು?"

"ಬ್ಯಾರೆ ಅವ್ನೆ, ಯಾವ್ ಸಂಬಂಧವೂ ಇಲ್ಲ ಬುಡಿ, ಅಂದೆ."

"ಇಂಗಲ್ಲ. ನನ್ ದನೀಲಿ ಏಳು. ಎಂಗ್ ಏಳ್ದೆ ಅಂತ ಕೇಳ್ಬೇಕು."

"ಬ್ಯಾಡ ಅಪ್ಪ."

"ಏಳ್ಲಾ."

ಗಂಟಲು ಸರಿ ಮಾಡಿಕೊಂಡೆ. "ಬ್ಯಾರೆ ಅವ್ನೆ..." ಎಂದೆ. ಕೀರಲು ದನಿ ಬಂತು. ನಿಲ್ಲಿಸಿದೆ. ಎದೆಯಿಂದ ಎಳೆದುಕೊಂಡು ಮತ್ತೆ "ಯಾವ್ ಸಂ..." ಎಂದೆ. ಬಂದದ್ದು ನನ್ನದೇ ದನಿ, ಅದೂ ನೆಗಡಿಯಾದ ನನ್ನ ದನಿ. ಮೂರನೇ ಸಲ ಕೆಮ್ಮಿನಿಂದ ಶುರು ಮಾಡಿದೆ. ಬರೀ ಕೆಮ್ಮು ಬಂತು, ಅದು ಮಾತ್ರ ನಿಜವಾದದ್ದು. ಕಡಲೆಕಾಯಿಯವರು ಬಿಡಿಸುವುದು ನಿಲ್ಲಿಸಿ ನನ್ನನ್ನೇ ನೋಡುತ್ತಿದ್ದರು.

ಅಪ್ಪ ಮೂರೂ ಸಲ ಕಿವಿಗೊಟ್ಟು ಕೇಳಿದ. ಆಮೇಲೆ ಕಿಟಕಿಯ ಕಡೆ ತಿರುಗಿದ.

"ಇಷ್ಟಕ್ಕಾ ಜನ ನಿಂಗೆ ದುಡ್ ಕೊಡೋದು?"

ಎದುರಿನ ಮೂವರೂ ಗೊಳ್ಳೆಂದು ನಕ್ಕರು. ಒಬ್ಬರ ಬಾಯಿಂದ ಕಡಲೆಕಾಯಿ ಹಾರಿ ನನ್ನ ಶರ್ಟಿನ ಮೇಲೆ ಬಿತ್ತು. ಅಪ್ಪನ ಮಾತಿನಲ್ಲಿ ಒಂದು ಪದ ಹೆಚ್ಚಿಲ್ಲ, ಒಂದು ಪದ ಕಡಿಮೆಯಿಲ್ಲ, ಮುಖದಲ್ಲಿ ಒಂದು ಗೆರೆ ಅಲುಗಾಡಲಿಲ್ಲ. ನಮ್ಮ ಕುಟುಂಬದಲ್ಲಿ ಕಲಾವಿದ ಯಾರು ಎಂಬ ವಿಷಯವೂ ಅದೇ ದಿನ ಇತ್ಯರ್ಥವಾಯಿತು. ಮೇಲ್ಮನವಿಗೆ ಅವಕಾಶವಿಲ್ಲ.